ಒಂದು ಕಣ್ಣು ಮುಚ್ಚಿದರೂ ದೂರ ಗೊತ್ತಾಗುತ್ತಲ್ಲ, ಹೇಗೆ?

ಪ್ರಶ್ನೆ: ಎರಡು ಕಣ್ಣು ಇರುವುದರಿಂದಲೇ ನಮಗೆ ದೂರ, ಆಳ ತಿಳಿಯುತ್ತದೆ ಎಂದು ಓದಿದ್ದೇನೆ. ಆದರೆ ಒಂದು ಕಣ್ಣು ಮುಚ್ಚಿ ನೋಡಿದರೂ ಯಾವುದೂ ಚಪ್ಪಟೆಯಾಗಿ ಕಾಣುವುದಿಲ್ಲ. ಹಾಗಾದರೆ ಎರಡನೇ ಕಣ್ಣಿನ ಕೆಲಸವೇನು? ಮುಖದ ಅಕ್ಕಪಕ್ಕ ಕಣ್ಣಿರುವ ಮೊಲ, ಕುದುರೆಗಳಿಗೆ ದೂರದ ಅಂದಾಜು ಸಿಗೋದೇ ಇಲ್ವಾ?

ಉತ್ತರ: ನೀವು ಗಮನಿಸಿದ್ದು ಸರಿ. ದೂರ ತಿಳಿಯಲು ಮಿದುಳಿಗೆ ಹಲವು ದಾರಿಗಳಿವೆ. ಎರಡು ಕಣ್ಣು ಅದರಲ್ಲಿ ಒಂದು. ಆದರೆ ಕೈಗೆಟುಕುವಷ್ಟು ಹತ್ತಿರದ ಕೆಲಸಕ್ಕೆ ಅದರಷ್ಟು ನಿಖರವಾದ ದಾರಿ ಇನ್ನೊಂದಿಲ್ಲ.

ಒಂದು ಕೈಯಲ್ಲಿ ಪೆನ್ನು, ಇನ್ನೊಂದರಲ್ಲಿ ಅದರ ಕ್ಯಾಪ್ ಹಿಡಿದುಕೊಳ್ಳಿ. ಒಂದು ಕಣ್ಣು ಮುಚ್ಚಿ, ಎರಡನ್ನೂ ಪಕ್ಕದಿಂದ ತಂದು ಒಂದೇ ಸಲಕ್ಕೆ ಕ್ಯಾಪ್ ಹಾಕಲು ನೋಡಿ. ಪೆನ್ನಿನ ತುದಿ ಕ್ಯಾಪಿನ ಮುಂದೆಯೋ ಹಿಂದೆಯೋ ಹಾದುಹೋಗುವುದೇ ಜಾಸ್ತಿ. ಎರಡೂ ಕಣ್ಣು ತೆರೆಯಿರಿ, ಸಲೀಸಾಗಿ ಕೂರುತ್ತದೆ.

ನಮ್ಮ ಕಣ್ಣುಗಳ ನಡುವೆ ಸುಮಾರು 6 ಸೆಂಟಿಮೀಟರ್ ಅಂತರವಿದೆ. ಹಾಗಾಗಿ ಎರಡಕ್ಕೂ ಸಿಗುವ ಚಿತ್ರ ಒಂದೇ ಅಲ್ಲ. ಮೂಗಿನ ಹತ್ತಿರ ಹೆಬ್ಬೆರಳು ಹಿಡಿದು ಒಂದೊಂದೇ ಕಣ್ಣು ಮುಚ್ಚಿ ತೆರೆದರೆ ಬೆರಳು ಆ ಕಡೆ ಈ ಕಡೆ ಜಿಗಿಯುತ್ತದೆ. ತೋಳು ಚಾಚಿದರೆ ಜಿಗಿತ ಕಡಿಮೆ. ದೂರದ ಬೆಟ್ಟವಂತೂ ಅಲ್ಲಾಡುವುದೇ ಇಲ್ಲ. ಈ ವ್ಯತ್ಯಾಸದಿಂದಲೇ ಮಿದುಳು ದೂರವನ್ನು ಲೆಕ್ಕ ಹಾಕುತ್ತದೆ. 1838ರಲ್ಲಿ ಬ್ರಿಟಿಷ್ ವಿಜ್ಞಾನಿ ಚಾರ್ಲ್ಸ್ ವೀಟ್‌ಸ್ಟೋನ್ ಇದನ್ನು ತೋರಿಸಿಕೊಟ್ಟರು. ತುಸು ಬೇರೆ ಬೇರೆಯಾದ ಎರಡು ರೇಖಾಚಿತ್ರಗಳನ್ನು ಕನ್ನಡಿಗಳ ಮೂಲಕ ಒಂದೊಂದು ಕಣ್ಣಿಗೆ ಒಂದೊಂದರಂತೆ ತೋರಿಸಿದಾಗ, ಕಾಗದದ ಗೆರೆಗಳು ಗಟ್ಟಿ ವಸ್ತುವಿನಂತೆ ಎದ್ದು ಕಂಡವು.

ಎರಡೂ ಕಣ್ಣುಗಳ ಸುದ್ದಿ ಮಿದುಳಿನ ಹಿಂಭಾಗದ ಎಷ್ಟೋ ನರಕೋಶಗಳಲ್ಲಿ ಬಂದು ಒಂದಾಗುತ್ತದೆ. ಈ ಜೋಡಣೆ ಬಲಿಯುವುದು ಎಳೆ ವಯಸ್ಸಿನಲ್ಲಿ. ಆದ್ದರಿಂದ ಇಲ್ಲೇ ಒಂದು ಮಾತು ಹೇಳಿಬಿಡುತ್ತೇನೆ: ಮಗುವಿಗೆ ಆರು ತಿಂಗಳು ಕಳೆದ ಮೇಲೂ ಮೆಳ್ಳೆಗಣ್ಣು ಕಾಣಿಸಿದರೆ, ತಾನಾಗಿಯೇ ಸರಿಹೋಗುತ್ತೆ ಅಂತ ಸುಮ್ನೆ ಕಾಯಬೇಡಿ, ಕಣ್ಣಿನ ವೈದ್ಯರಿಗೆ ತೋರಿಸಿ. ತಡವಾದಷ್ಟೂ ಆ ಜೋಡಣೆಯನ್ನು ಸರಿಪಡಿಸುವುದು ಕಷ್ಟ.

ಇನ್ನು, ಒಂದೇ ಕಣ್ಣಿಗೆ ಸಿಗುವ ಸುಳಿವುಗಳು. ಮುಂದಿನ ವಸ್ತು ಹಿಂದಿನದನ್ನು ಮರೆಮಾಡುತ್ತದೆ. ದೂರದ ಮನುಷ್ಯ ಚಿಕ್ಕದಾಗಿ ಕಾಣುತ್ತಾನೆ. ನೆರಳೂ ಸಹಾಯ ಮಾಡುತ್ತದೆ. ಎಲ್ಲಕ್ಕಿಂತ ಮುಖ್ಯವಾದದ್ದು ಚಲನೆ: ತಲೆ ಸ್ವಲ್ಪ ಅಲ್ಲಾಡಿಸಿದರೂ ಹತ್ತಿರದ್ದು ಬೇಗ ಸರಿಯುತ್ತದೆ, ದೂರದ್ದು ನಿಧಾನ. ಒಂದು ಕಣ್ಣು ಕಳೆದುಕೊಂಡವರು ಸಮಯ ಕಳೆದಂತೆ ಇವನ್ನೆಲ್ಲ ಚೆನ್ನಾಗಿ ಬಳಸಿಕೊಳ್ಳುತ್ತಾರೆ.

ಮೊಲ, ಕುದುರೆಗಳಿಗೂ ಈ ಸುಳಿವುಗಳಿವೆ. ಕುದುರೆ ಸುಮಾರು 350 ಡಿಗ್ರಿ ನೋಡಬಲ್ಲದು. ಮೊಲಕ್ಕೆ ತನ್ನ ಬೆನ್ನ ಹಿಂದೆಯೂ ಕಾಣುತ್ತದೆ, ಮೂಗಿನ ಎದುರು ಮಾತ್ರ ಒಂಚೂರು ಕುರುಡು. ಎರಡೂ ಕಣ್ಣಿನ ನೋಟ ಕೂಡುವ ಜಾಗ ಅವಕ್ಕೂ ಇದೆ, ಆದರೆ ನಮ್ಮದಕ್ಕಿಂತ ಕಿರಿದು. ನಮಗದು ಸುಮಾರು 120 ಡಿಗ್ರಿ. ಬೇಟೆಯಾಡುವ ಪ್ರಾಣಿಗೆ ಕಣ್ಣು ಮುಂದೆ, ಬೇಟೆಯಾಗುವ ಪ್ರಾಣಿಗೆ ಪಕ್ಕಕ್ಕೆ ಎನ್ನುವ ಮಾತಿದೆ. ಅದು ಬಹುಮಟ್ಟಿಗೆ ನಿಜ, ಆದರೂ ಅದನ್ನೇ ನಿಯಮ ಅಂದುಕೊಳ್ಳಬೇಡಿ. ಹಣ್ಣು, ಎಲೆ ತಿಂದು ಬದುಕುವ ಎಷ್ಟೋ ಕೋತಿಗಳ ಕಣ್ಣುಗಳೂ ಮುಂದಕ್ಕೇ ಇವೆ, ಅಲ್ವಾ?

ನನಗೆ ತುಂಬಾ ಅಚ್ಚರಿ ತರುವುದು ಮುಂಗಾಲಿನಿಂದ ಹುಳ ಹಿಡಿದು ತಿನ್ನುವ ಮ್ಯಾಂಟಿಸ್ ಕೀಟ. ಬ್ರಿಟನ್ನಿನ ನ್ಯೂಕಾಸಲ್ ವಿಶ್ವವಿದ್ಯಾಲಯದಲ್ಲಿ ಅದರ ಕಣ್ಣಿಗೆ ಜೇನುಮೇಣದಿಂದ ಪುಟಾಣಿ ತ್ರೀಡಿ ಕನ್ನಡಕ ಅಂಟಿಸಿ, ಪರದೆಯ ಮೇಲೆ ಚಲಿಸುವ ಚುಕ್ಕೆ ತೋರಿಸಿದರು. ಚುಕ್ಕೆ ಕೈಗೆ ಸಿಗುವಷ್ಟು ಹತ್ತಿರ ತೇಲುತ್ತಿರುವಂತೆ ಕಂಡಾಗ, ಅಲ್ಲಿ ಏನೂ ಇಲ್ಲದಿದ್ದರೂ ಕೀಟ ಮುಂಗಾಲು ಚಾಚಿ ಹಿಡಿಯಹೋಯಿತು. ಇಷ್ಟು ಚಿಕ್ಕ ಮಿದುಳು ಕೂಡ ಎರಡು ಚಿತ್ರಗಳನ್ನು ಹೋಲಿಸಿ ದೂರ ಅಳೆಯುತ್ತದೆ. ಆದರೆ ವಿಧಾನ ನಮ್ಮದಲ್ಲ: ನಾವು ನಿಂತ ಚಿತ್ರಗಳನ್ನೂ ಹೋಲಿಸುತ್ತೇವೆ, ಅದು ಚಿತ್ರದಲ್ಲಿ ಬದಲಾಗುತ್ತಿರುವ ಜಾಗಗಳನ್ನಷ್ಟೇ ಹೋಲಿಸುತ್ತದೆ.

ಊಸರವಳ್ಳಿಯದು ಬೇರೆಯೇ ದಾರಿ. ನಾಲಿಗೆ ಚಾಚುವ ಮುನ್ನ ಅದು ಎರಡೂ ಕಣ್ಣನ್ನು ಹುಳದ ಕಡೆ ತಿರುಗಿಸುತ್ತದೆ ನಿಜ, ಆದರೆ ದೂರ ತಿಳಿಯುವುದು ಮುಖ್ಯವಾಗಿ ಕಣ್ಣಿನ ಮಸೂರ ಎಷ್ಟು ಫೋಕಸ್ ಮಾಡಬೇಕಾಯಿತು ಎಂಬುದರಿಂದ. ಒಂದು ಕಣ್ಣು ಮುಚ್ಚಿದರೂ ಅದಕ್ಕೆ ಹುಳ ಸಿಗುತ್ತದೆ.