ಅಜ್ಜಿ ಮನೆ ಈಗ ಇಲ್ಲ, ಫೋಟೋ ಎಲ್ಲಿ ನಿಂತು ತೆಗೆಯಲಿ?

ಪ್ರಶ್ನೆ: ಉಡುಪಿ ಹತ್ತಿರ ನಮ್ಮ ಅಜ್ಜಿ ಮನೆ ಇತ್ತು. ಹಂಚಿನ ಮನೆ, ಎದುರು ಗದ್ದೆ, ಬದಿಯಲ್ಲಿ ತೋಡು (ಸಣ್ಣ ಹಳ್ಳ). ಮಾರಿ 12 ವರ್ಷ ಆಯ್ತು, ಈಗ ಅಲ್ಲಿ ಫ್ಲ್ಯಾಟ್ ಇದೆ. ಆಲ್ಬಮ್‌ನಲ್ಲಿ ಆರು ಫೋಟೋ ಉಳಿದಿವೆ. ಆ ಜಾಗದ ಬಗ್ಗೆ ಫೋಟೋ ಸರಣಿ, ಒಂದು ಸಣ್ಣ ಸಿನಿಮಾ ಮಾಡುವ ಆಸೆ. ಆದರೆ ತೋರಿಸಲು ಏನೂ ಉಳಿದಿಲ್ಲವಲ್ಲ?
– ಓದುಗರು, ಕುಂಜಿಬೆಟ್ಟು

ಉತ್ತರ: ಆರು ಫೋಟೋ ಇದೆ ಅಂದ್ರೆ ನಿಲ್ಲಲು ಆರು ಜಾಗ ಇದೆ. ಮೊದಲು ಅವನ್ನು ಹುಡುಕಿ. ಅಮೆರಿಕದ ಫೋಟೋಗ್ರಾಫರ್ ಮಾರ್ಕ್ ಕ್ಲೆಟ್ ಮತ್ತು ಜೊತೆಗಾರರು 1977ರಲ್ಲಿ ಇದೇ ಕೆಲಸಕ್ಕೆ ಇಳಿದರು. ಅದಕ್ಕೂ ನೂರು ವರ್ಷ ಹಿಂದೆ ಭೂಮಿಯ ಸರ್ವೆ ತಂಡಗಳ ಜೊತೆ ಹೋದವರು ತೆಗೆದ ಫೋಟೋಗಳನ್ನು ಕೈಯಲ್ಲಿ ಹಿಡಿದು, ಅದೇ ಜಾಗಕ್ಕೆ ಹೋಗಿ, ಅದೇ ಬೆಳಕಿಗೆ ಕಾದು ಮತ್ತೆ ಕ್ಲಿಕ್ ಮಾಡಿದರು.

ಜಾಗ ಹುಡುಕುವುದು ಹೀಗೆ. ಹಳೆ ಫೋಟೋದಲ್ಲಿ ಹತ್ತಿರದ್ದೊಂದು, ದೂರದ್ದೊಂದು ಗುರುತು ಹಿಡಿಯಿರಿ. ತೋಡಿನ ಸಂಕ (ಕಾಲುಸೇತುವೆ), ಹಿಂದಿನ ಗುಡ್ಡದ ನೆತ್ತಿ ಅಂತಿಟ್ಟುಕೊಳ್ಳಿ, ಮನೆ ಹೋದರೂ ಇವು ಅಷ್ಟು ಬೇಗ ಹೋಗುವುದಿಲ್ಲ. ನೀವು ಎಡಕ್ಕೆ ಬಲಕ್ಕೆ ಸರಿದ ಹಾಗೆ ಅವೆರಡೂ ಒಂದರ ಪಕ್ಕ ಒಂದು ಜರುಗುತ್ತವೆ. ಫೋಟೋದಲ್ಲಿ ಇದ್ದ ಹಾಗೇ ಕೂಡಿದಾಗ ನಿಂತುಬಿಡಿ. ಮೊಬೈಲ್ ಸಾಕು. ಝೂಮ್ ಮಾಡಿದರೆ ಚೌಕಟ್ಟು ಮಾತ್ರ ಚಿಕ್ಕದಾಗುತ್ತದೆ, ವಸ್ತುಗಳ ಜೋಡಣೆ ಬದಲಾಗುವುದಿಲ್ಲ. ಹೊತ್ತು ಯಾವುದು ಅಂತ ನೆರಳು ಹೇಳುತ್ತದೆ.

ಫ್ಲ್ಯಾಟ್ ಅಡ್ಡ ಬಂತಾ? ಬರಲಿ. ದಯವಿಟ್ಟು ಅದನ್ನು ತಪ್ಪಿಸಲು ಜರುಗಬೇಡಿ. ಜಗಲಿ ಇದ್ದ ಕಡೆ ಪಾರ್ಕಿಂಗ್ ಕಂಬ ಬಂದಿದ್ದರೆ ಆ ಕಂಬವೇ ನಿಮ್ಮ ಚಿತ್ರ. ಫೋಟೋಕ್ಕೆ ಕಂದು ಬಣ್ಣ ಕೊಟ್ಟು ಹಳೆಯದರ ಹಾಗೆ ಮಾಡುವುದು ನನಗಂತೂ ಬೇಡ ಅನಿಸುತ್ತದೆ.

ಸಿನಿಮಾಕ್ಕೆ ಅದೇ ಆರು ಜಾಗದಲ್ಲಿ ಟ್ರೈಪಾಡ್ ಇಟ್ಟು ಎರಡೆರಡು ನಿಮಿಷ ಸುಮ್ನೆ ಶೂಟ್ ಮಾಡಿ. ಅದರ ಮೇಲೆ ದೊಡ್ಡಮ್ಮನದ್ದೋ ಮಾವನದ್ದೋ ಮಾತು ಕೇಳಿಸಲಿ. ‘ನೆನಪು ಹೇಳಿ’ ಅಂದ್ರೆ ಎಲ್ಲರೂ ‘ಆಗ ಚೆನ್ನಾಗಿತ್ತು’ ಅಂತಾರೆ, ಅಲ್ಲಿಗೇ ನಿಲ್ಲುತ್ತದೆ. ಬಾವಿಯಿಂದ ಹಟ್ಟಿಗೆ (ದನದ ಕೊಟ್ಟಿಗೆಗೆ) ಯಾವ ದಾರಿಯಲ್ಲಿ ಹೋಗ್ತಿದ್ದಿರಿ ಅಂತ ಕೇಳಿ ನೋಡಿ, ಪಾಚಿ ಕಟ್ಟಿದ ಮೆಟ್ಟಿಲು, ಹಲಸಿನ ಮರ ಎಲ್ಲ ತಾನಾಗೇ ಬರುತ್ತದೆ. ತುಳುವಿನಲ್ಲಿ ಹೇಳಿದರೆ ತುಳುವಿನಲ್ಲೇ ಇರಲಿ, ಕೆಳಗೆ ಕನ್ನಡದಲ್ಲಿ ಬರೆಯಿರಿ. ಗದ್ದೆಗಳ ಹೆಸರನ್ನೂ ಮರೆಯಬೇಡಿ. ನಮ್ಮಲ್ಲಿ ನೀರಿರುವ ತಗ್ಗಿನ ಗದ್ದೆ ಬೈಲು, ನಡುವಿನದ್ದು ಮಜಲು, ಮಳೆಯನ್ನೇ ನಂಬಿದ ಎತ್ತರದ್ದು ಬೆಟ್ಟು. ಮಂಗಳೂರಿನ ಕೊಡಿಯಾಲ್‌ಬೈಲಿನಲ್ಲಿ ಈಗ ಕಟ್ಟಡಗಳೇ, ಬೈಲು ಹೆಸರಲ್ಲಿ ಉಳಿದಿದೆ. ನಿಮ್ಮ ಕುಂಜಿಬೆಟ್ಟಿನಲ್ಲೂ ಬೆಟ್ಟು ಇದೆ ಅಲ್ವಾ? ಅಜ್ಜಿ ಮನೆಯ ಒಂದೊಂದು ಗದ್ದೆಯನ್ನು ಏನಂತ ಕರೀತಿದ್ದರು ಅಂತ ಕೇಳಿ, ಆ ಹೆಸರುಗಳನ್ನು ಅವರ ದನಿಯಲ್ಲೇ ರೆಕಾರ್ಡ್ ಮಾಡಿ. ಇದನ್ನು ಮಾತ್ರ ತಡ ಮಾಡಬೇಡಿ.

ಪ್ರಶ್ನೆ: ಮನೆಯಲ್ಲಿ ಹಳೆ ಫೋಟೋನೇ ಇಲ್ಲದವರು?
– ಓದುಗರು, ಮಂಗಳೂರು

ಉತ್ತರ: ಬಾಸೆಲ್ ಮಿಷನ್ ಎಂಬ ಕ್ರೈಸ್ತ ಮಿಷನರಿ ಸಂಸ್ಥೆಯವರು 1834ರಲ್ಲಿ ಮಂಗಳೂರಿಗೆ ಬಂದವರು, 1865ರಲ್ಲಿ ಇಲ್ಲಿ ಹಂಚಿನ ಕಾರ್ಖಾನೆ ಶುರು ಮಾಡಿದವರು. ಸ್ವಿಟ್ಜರ್ಲೆಂಡಿನ ಬಾಸೆಲ್‌ನಲ್ಲಿರುವ ಅವರ ಸಂಗ್ರಹದಲ್ಲಿ ನಮ್ಮ ಕರಾವಳಿಯ ಹಳೆ ಫೋಟೋಗಳಿವೆ, ಇಂಟರ್ನೆಟ್‌ನಲ್ಲೇ ನೋಡಬಹುದು. ನಿಮ್ಮ ಊರಿನದ್ದು ಸಿಗದಿದ್ದರೆ ಮನೆ ಎದುರಿನ ಗದ್ದೆಯ ಫೋಟೋವನ್ನೇ ಈ ವಾರ ತೆಗೆಯಿರಿ, ಮುಂದೆ ಅದೇ ಹಳೆ ಫೋಟೋ ಆಗುತ್ತದೆ. ಪ್ರಿಂಟ್ ಹಾಕಿಸಿ, ಎಲ್ಲಿ ನಿಂತಿದ್ದಿರಿ, ಯಾವ ದಿನ, ಎಷ್ಟು ಗಂಟೆ ಅಂತ ಹಿಂದೆ ಬರೆದಿಡಿ.