ಹತ್ತು ಪಟ್ಟೋ ನೂರು ಪಟ್ಟೋ ಆಮೇಲೆ, ಮೊದಲು ಯಾರಿಗೆ ನಿಧಾನ ಹೇಳಿ

ನಿಮ್ಮ ಕಾದಂಬರಿಯ ಲೋಕದಲ್ಲಿ ಪ್ರತಿ ಹುಣ್ಣಿಮೆ ರಾತ್ರಿ ಕಾಲ ನಿಧಾನವಾಗುತ್ತದೆ, ಹತ್ತು ಪಟ್ಟು ಮಾಡಲೋ ನೂರು ಪಟ್ಟೋ, ವಿಜ್ಞಾನದ ಕಾರಣ ಕೊಡಬೇಕೋ ಎಂದು ಕೇಳಿದ್ದೀರಿ. ಇದೇ ಲೆಕ್ಕದಲ್ಲಿ ನಾನೂ ಮುಳುಗಿದ್ದವನು.

ನನ್ನ ಕಥೆಯ ಊರು ಅಲರಕೆರೆ. ಕೆರೆಯ ಆಚೆ ದಡದಲ್ಲಿ ಸೂಲಗಿತ್ತಿಯ ಮನೆ. ಹುಣ್ಣಿಮೆ ಸಂಜೆ ಈಚೆ ದಡದ ಹುಡುಗಿಗೆ ಹೆರಿಗೆ ನೋವು ಶುರುವಾಗುತ್ತದೆ. ಸೂಲಗಿತ್ತಿ ದೋಣಿ ಹತ್ತುತ್ತಾಳೆ, ಕಾಲ ನಿಧಾನವಾಗುತ್ತದೆ, ಅವಳು ಬಂದು ಮುಟ್ಟುವಷ್ಟರಲ್ಲಿ ತಾಯಿ ಉಳಿದಿರುವುದಿಲ್ಲ. ಇಡೀ ಕಾದಂಬರಿ ನಿಂತಿದ್ದದ್ದು ಆ ಒಂದು ತಡದ ಮೇಲೆ. ಹುಡುಗಿಯ ತಮ್ಮ ಮುಂದೆ ಸಾಧಿಸುವ ಹಗೆಯೆಲ್ಲ ಅಲ್ಲಿಂದಲೇ ಹುಟ್ಟುತ್ತದೆ.

ಬಸವನಗುಡಿಯ ಗೆಳೆಯನೊಬ್ಬ ಹಸ್ತಪ್ರತಿ ಓದಿ ಕೇಳಿದ: “ಅಲ್ಲ ಕಣೋ, ದೋಣೀನೂ ನಿಧಾನ, ನೋವೂ ನಿಧಾನ. ಮತ್ತೆ ಅವಳು ಲೇಟಾಗಿದ್ದು ಹೇಗೆ?”

ನನ್ನ ಹತ್ತಿರ ಉತ್ತರ ಇರಲಿಲ್ಲ. ಕಾಲವನ್ನು ಇಡೀ ಲೋಕಕ್ಕೇ ನಿಧಾನ ಮಾಡಿಬಿಟ್ಟಿದ್ದೆ. ಹುಟ್ಟು ಹಾಕುವ ಕೈ, ಕೆರೆಯ ಅಲೆ, ಹೆರುವವಳ ಉಸಿರು, ಹಣತೆಯ ಎಣ್ಣೆ, ಕಾಲ ಅಳೆಯುವ ಗಳಿಗೆ ಬಟ್ಟಲು, ಕೊನೆಗೆ ಯೋಚಿಸುವ ತಲೆ ಕೂಡ ಒಂದೇ ಪ್ರಮಾಣದಲ್ಲಿ ನಿಧಾನವಾದರೆ ಆ ಲೋಕದೊಳಗೆ ಯಾರಿಗೂ ಏನೂ ತಿಳಿಯುವುದಿಲ್ಲ. ಒಬ್ಬರ ಮುಂದೆ ಇನ್ನೊಬ್ಬರು ಹಿಂದೆ ಬೀಳುವುದಿಲ್ಲ. ಹತ್ತು ಪಟ್ಟಾಗಲಿ ಸಾವಿರ ಪಟ್ಟಾಗಲಿ, ಅದು ಮಾಮೂಲಿ ರಾತ್ರಿಯೇ. ತಡ ಅನ್ನುವುದು ಹುಟ್ಟಬೇಕಾದರೆ ನಿಧಾನವಾಗದ ಜಾಗವೊಂದು ಇರಲೇಬೇಕು, ಅಲ್ಲಿ ಯಾರಾದರೂ ಕಾಯುತ್ತಿರಲೇಬೇಕು. ಇದನ್ನು ನೋಡದೆ ಬರೆದದ್ದರಲ್ಲಿ ಅರ್ಧಕ್ಕೂ ಹೆಚ್ಚು ಕಿತ್ತುಹಾಕಬೇಕಾಯಿತು.

ದಾರಿ ಸಿಕ್ಕಿದ್ದು ಬೆಂಗಳೂರು ಕರಗದ ರಾತ್ರಿ. ಚೈತ್ರ ಪೂರ್ಣಿಮೆ, ಧರ್ಮರಾಯನ ಗುಡಿಯ ಸುತ್ತ ಕಾಲಿಡಲು ಜಾಗವಿಲ್ಲ. ಜನರ ನಡುವಿಂದ ಪೇಟೆಯ ಒಂದು ಇಕ್ಕಟ್ಟು ಗಲ್ಲಿಗೆ ಸರಿದುಕೊಂಡೆ. ಅಲ್ಲಿ ಒಂದು ಪಕ್ಕದ ಗೋಡೆಗೆ ಮಾತ್ರ ಬೆಳದಿಂಗಳು, ಇನ್ನೊಂದು ಪಕ್ಕ ಪೂರ್ತಿ ಕತ್ತಲು. ನಿಯಮ ಅಲ್ಲೇ ಹೊಳೆಯಿತು: ಬೆಳದಿಂಗಳು ಮೈಮೇಲೆ ಬಿದ್ದವರಿಗೆ ಮಾತ್ರ ಕಾಲ ನಿಧಾನ. ಸೂರಿನಡಿ, ಮರದ ನೆರಳಲ್ಲಿ, ಮೋಡ ಕವಿದಾಗ ಎಂದಿನ ಕಾಲ. ಈಗ ಕೋಣೆಯೊಳಗೆ ಹೆರುವವಳಿಗೆ ರಾತ್ರಿಯಿಡೀ ನೋವು, ಬಯಲು ಕೆರೆಯಲ್ಲಿ ಸೂಲಗಿತ್ತಿಗೆ ಒಂದು ಗಂಟೆ ಹುಟ್ಟು ಹಾಕಿದ ನೆನಪು. ಕಿಟಕಿಯಿಂದ ನೋಡಿದರೆ ದೋಣಿ ನಿಂತಲ್ಲೇ ನಿಂತಂತೆ. ತಮ್ಮನ ಹಗೆಗೂ ಅರ್ಥ ಬಂತು, ಸೂಲಗಿತ್ತಿಯ ನಿರಪರಾಧಕ್ಕೂ.

ಹತ್ತೋ ನೂರೋ? ಹುಣ್ಣಿಮೆ ಚಂದ್ರ ಸೂರ್ಯಾಸ್ತದ ಹೊತ್ತಿಗೆ ಹುಟ್ಟಿ ಬೆಳಗಿಗೆ ಮುಳುಗುತ್ತಾನೆ, ಸುಮಾರು 12 ಗಂಟೆ. ಎರಡು ಹುಣ್ಣಿಮೆಗಳ ನಡುವೆ ಸರಾಸರಿ 29.53 ದಿನ, ಅಂದರೆ 40 ವರ್ಷಕ್ಕೆ 495 ಹುಣ್ಣಿಮೆ. ಒಂದನ್ನೂ ಬಿಡದೆ ಬಯಲಲ್ಲಿ ಕಳೆದ ಅಂಬಿಗ ಹತ್ತು ಪಟ್ಟಿನಲ್ಲಿ ಸುಮಾರು 223 ದಿನ ಚಿಕ್ಕವನಾಗಿ ಉಳಿಯುತ್ತಾನೆ, ನೂರು ಪಟ್ಟಿನಲ್ಲಿ 245. ಇಡೀ ನಲವತ್ತು ವರ್ಷದಲ್ಲಿ ಮೂರು ವಾರದ ವ್ಯತ್ಯಾಸ! ಒಂದೇ ರಾತ್ರಿಯ ಮಟ್ಟಿಗೆ ಮಾತ್ರ ಅಂತರ ದೊಡ್ಡದು: ಹತ್ತಾದರೆ ಅವನ ಕೈಗೆ 72 ನಿಮಿಷ, ನೂರಾದರೆ ಏಳು. ನಿಮ್ಮ ಪಾತ್ರ ಆ ರಾತ್ರಿ ಎಷ್ಟು ದೂರ ಹೋಗಬೇಕೋ ನೋಡಿ ಆರಿಸಿಕೊಳ್ಳಿ.

ವಿಜ್ಞಾನದ ಕಾರಣ ಬೇಡವೇ ಬೇಡ. ನಿಜವಾದ ಚಂದ್ರನ ಮೇಲೆ ಗಡಿಯಾರ ಭೂಮಿಯದಕ್ಕಿಂತ ದಿನಕ್ಕೆ ಸುಮಾರು 56 ಮೈಕ್ರೋಸೆಕೆಂಡು ಮುಂದೆ ಓಡುತ್ತದೆ. ಅಷ್ಟರಿಂದ ಯಾವ ಕಥೆಯೂ ಹುಟ್ಟುವುದಿಲ್ಲ, ಆ ದಾರಿ ಹಿಡಿದರೆ ಓದುಗ ನಿಮ್ಮ ಲೋಕವನ್ನು ಬಿಟ್ಟು ಲೆಕ್ಕ ಪರೀಕ್ಷಿಸಲು ಕೂರುತ್ತಾನೆ.

ಗ್ರಹಣವನ್ನು ಮಾತ್ರ ಮರೆಯಬೇಡಿ. ಚಂದ್ರಗ್ರಹಣ ಆಗುವುದು ಹುಣ್ಣಿಮೆಯಲ್ಲೇ. ಚಂದ್ರನ ಕಕ್ಷೆ ಐದು ಡಿಗ್ರಿಯಷ್ಟು ಓರೆಯಾಗಿರುವುದರಿಂದ ಪ್ರತಿ ಹುಣ್ಣಿಮೆಗೂ ಆಗುವುದಿಲ್ಲ. ಪೂರ್ಣ ಗ್ರಹಣ ಹಿಡಿದಿರುವುದು ಹೆಚ್ಚೆಂದರೆ 107 ನಿಮಿಷದ ಆಸುಪಾಸು. ನಮ್ಮಲ್ಲಿ ಗ್ರಹಣಕ್ಕೆ ಬಸುರಿಯರನ್ನು ಒಳಗೆ ಕೂರಿಸುತ್ತಾರೆ. ಅಲರಕೆರೆಯಲ್ಲಿ ಬೆಳದಿಂಗಳು ಮರೆಯಾಗಿ ಕಾಲ ಎಂದಿನಂತಾಗುವ ಆ ಹೊತ್ತಿಗೇ ಅವರನ್ನು ದೋಣಿ ಹತ್ತಿಸಿ ಸೂಲಗಿತ್ತಿಯ ಮನೆಗೆ ಕರೆದೊಯ್ಯುತ್ತಾರೆ. ನಿಮ್ಮ ಲೋಕದ ಮುಂದಿನ ಗ್ರಹಣ ಯಾವಾಗ ಎಂದು ಮೊದಲ ಅಧ್ಯಾಯಗಳಲ್ಲೇ ಯಾರ ಬಾಯಲ್ಲಾದರೂ ಹೇಳಿಸಿಡಿ, ಕೊನೆಯಲ್ಲಿ ಬೇಕಾದಾಗ ಹೊಸದಾಗಿ ಹುಟ್ಟಿಸಿದರೆ ಯಾರೂ ನಂಬುವುದಿಲ್ಲ.