ಎರಡನೆಯ ಸಾಲನ್ನು ತೆಗೆಯಬಹುದೇ?

(ಕಳೆದ ಸಂಚಿಕೆಯಲ್ಲಿ ನಾವು ಬೈಬಲಿನ ಹೀಬ್ರೂ ಕೀರ್ತನೆಗಳ ಕನ್ನಡ ಅನುವಾದ ಪ್ರಕಟಿಸಿದ್ದೆವು. ಅದನ್ನು ಓದಿ ನಿವೃತ್ತ ಕನ್ನಡ ಮೇಷ್ಟ್ರೊಬ್ಬರು ಬರೆದಿದ್ದಾರೆ: "ಇವನ್ನು ಹಾಡು ಅನ್ನುತ್ತೀರಿ. ಪ್ರಾಸ ಇಲ್ಲ, ಮಾತ್ರೆಯ ಲೆಕ್ಕ ಇಲ್ಲ. ಹೇಳಿದ್ದನ್ನೇ ಇನ್ನೊಂದು ಸಲ ಹೇಳಿದ್ದಾರೆ ಅಷ್ಟೆ. ಪ್ರತಿ ಎರಡನೆಯ ಸಾಲನ್ನು ಹೊಡೆದುಹಾಕಿದ್ದರೆ ಏನು ನಷ್ಟವಾಗುತ್ತಿತ್ತು?")

ಮೇಷ್ಟ್ರೇ, ನಮಸ್ಕಾರ.

ನಿಮ್ಮ ಪತ್ರವನ್ನು ಎರಡು ಮೂರು ಸಲ ಓದಿದೆ. ಇಷ್ಟು ನೇರವಾಗಿ ಕೇಳಿದ್ದಕ್ಕೆ ಖುಷಿಯಾಯಿತು. ಒಂದು ಕಥೆಯಿಂದಲೇ ಶುರುಮಾಡುತ್ತೇನೆ.

ಬೈಬಲಿನ ಕಥೆ. ದಾವೀದ ಅನ್ನುವ ಹುಡುಗ ಶತ್ರುಗಳ ದೈತ್ಯ ಗೊಲ್ಯಾತನನ್ನು ಕೊಂದು ವಾಪಸು ಬರುತ್ತಿದ್ದಾನೆ. ಊರೂರಿನ ಹೆಂಗಸರು ದಮ್ಮಡಿ ಬಡಿಯುತ್ತಾ, ಕುಣಿಯುತ್ತಾ ಎದುರು ಬರುತ್ತಾರೆ. ಅವರ ಹಾಡು ಇಷ್ಟೇ:

ಸೌಲ ಕೊಂದದ್ದು ಸಾವಿರಗಟ್ಟಲೆ,
ದಾವೀದ ಹತ್ತು ಸಾವಿರಗಟ್ಟಲೆ.

ರಾಜ ಸೌಲನಿಗೆ ಸಿಟ್ಟು ನೆತ್ತಿಗೇರಿತು. ಅವನಿಗೆ ಹತ್ತು ಸಾವಿರ, ನನಗೆ ಬರೀ ಸಾವಿರ, ಇನ್ನು ರಾಜ್ಯವೊಂದೇ ಅವನಿಗೆ ಬಾಕಿ ಅಂದ. ಅಂದಿನಿಂದ ದಾವೀದನ ಮೇಲೆ ಕಣ್ಣಿಟ್ಟ. ಈಗ ಹೇಳಿ, ಈ ಹಾಡಿನ ಎರಡನೆಯ ಸಾಲನ್ನು ಹೊಡೆದುಹಾಕಬಹುದಾ? ಸೌಲ ಅದನ್ನು ಹೇಳಿದ್ದೇ ಹೇಳಿದ್ದು ಅಂದುಕೊಳ್ಳಲಿಲ್ಲ. ಮೊದಲ ಸಾಲಿನಿಂದ ಎರಡನೆಯದಕ್ಕೆ ಮಾತು ಒಂದು ಮೆಟ್ಟಿಲು ಹತ್ತಿದ್ದು ಅವನ ಕಿವಿಗೆ ಬಿತ್ತು.

ಆ ಹೆಂಗಸರಿಗೆ ರಾಜನನ್ನು ಚುಚ್ಚಬೇಕು ಅಂತ ಇತ್ತೋ ಇಲ್ಲವೋ, ಹೇಳಲಾಗದು. ಯಾಕೆಂದರೆ ಸಾವಿರ, ಹತ್ತು ಸಾವಿರ ಅನ್ನುವುದು ಆ ಕಡೆಯ ಹಾಡುಗಾರರ ಹಳೇ ಜೋಡಿ. ಸಿರಿಯಾದ ರಾಸ್ ಶಮ್ರಾದಲ್ಲಿ 1929ರಿಂದ ನೆಲ ಅಗೆದಾಗ ಉಗಾರಿತ್ ಭಾಷೆಯ ಜೇಡಿಮಣ್ಣಿನ ಹಲಗೆಗಳು ಸಿಕ್ಕವು. ಅವುಗಳ ಕಾವ್ಯದಲ್ಲೂ ಇದೇ ಜೋಡಿ ಇದೆ, ಜೋಡಿಸಾಲಿನ ಮೊದಲರ್ಧಕ್ಕೆ ಸಾವಿರ, ಎರಡನೆಯರ್ಧಕ್ಕೆ ಹತ್ತು ಸಾವಿರ. ನಾವು ಬೆಟ್ಟಗುಡ್ಡ, ಹೊಲಗದ್ದೆ, ಮನೆಮಠ ಅಂತ ಒಂದೇ ಉಸಿರಿನಲ್ಲಿ ಹೇಳಿಬಿಡುತ್ತೇವೆ. ಹೀಬ್ರೂ ಕವಿ ಅಂಥ ಜೋಡಿಯನ್ನು ಬಿಡಿಸಿ, ಒಂದನ್ನು ಈ ಅರ್ಧದಲ್ಲಿ, ಇನ್ನೊಂದನ್ನು ಆ ಅರ್ಧದಲ್ಲಿ ಇಡುತ್ತಾನೆ. ಮೊದಲನೆಯದು ಬಿದ್ದ ಕೂಡಲೇ ಕೇಳುವವನ ಕಿವಿ ಎರಡನೆಯದಕ್ಕೆ ಕಾಯತೊಡಗುತ್ತದೆ. ನಮ್ಮಲ್ಲಿ ಪ್ರಾಸ ಮಾಡುವ ಕೆಲಸವನ್ನು ಅಲ್ಲಿ ಈ ಕಾಯುವಿಕೆ ಮಾಡುತ್ತದೆ.

ನಾವು ಪ್ರಕಟಿಸಿದ 114ನೆಯ ಕೀರ್ತನೆಯನ್ನೇ ನೋಡಿ. "ಇಸ್ರಾಯೇಲು ಐಗುಪ್ತದಿಂದ ಹೊರಟಾಗ" ಅನ್ನುವುದು ಮೊದಲರ್ಧ (ಐಗುಪ್ತ ಅಂದರೆ ಈಜಿಪ್ಟ್). ಮೂಲದ ಎರಡನೆಯರ್ಧದಲ್ಲಿ ಕ್ರಿಯಾಪದವೇ ಇಲ್ಲ. "ಯಾಕೋಬನ ಮನೆತನ, ಅರ್ಥವಾಗದ ಮಾತಿನ ಜನರಿಂದ" ಅಂತಷ್ಟೇ ಇದೆ. "ಹೊರಟಾಗ" ಅನ್ನುವುದು ಮೇಲಿನಿಂದಲೇ ಹರಿದು ಬರುತ್ತದೆ. ಹಾಗೆ ಉಳಿದ ಜಾಗದಲ್ಲಿ ಕವಿ ಏನು ಮಾಡಿದ ನೋಡಿ. ಇಸ್ರಾಯೇಲು ಅನ್ನುವ ಜನಾಂಗ ಒಂದು ಮನೆತನವಾಯಿತು. ಐಗುಪ್ತ ಅನ್ನುವ ದೇಶ, ಭಾಷೆ ತಿಳಿಯದ ಜನರ ನಡುವಿನ ಬದುಕಾಯಿತು. ಮೊದಲರ್ಧ ಭೂಪಟದಲ್ಲಿ ಸಿಗುತ್ತದೆ. ಎರಡನೆಯದು ಪರ ಊರಿನಲ್ಲಿ ಮಾತಿಲ್ಲದೆ ದಿನ ಕಳೆದವರಿಗೆ ಮಾತ್ರ ಗೊತ್ತು. ಇದನ್ನು ತೆಗೆದರೆ ಕೀರ್ತನೆಯ ಜೀವವೇ ಹೋಗುತ್ತದೆ ಅಂತ ನನಗೆ ಅನಿಸುತ್ತದೆ. ಮುಂದೆ ಬೆಟ್ಟಗಳು ಟಗರುಗಳಂತೆ ಕುಣಿಯುತ್ತವೆ, ಗುಡ್ಡಗಳು ಕುರಿಮರಿಗಳಂತೆ. ಅಲ್ಲೂ ಅಷ್ಟೇ, ಕುಣಿತ ಒಂದೇ ಸಲ ಬರುತ್ತದೆ.

ಈ ಕ್ರಮಕ್ಕೆ ಯುರೋಪಿನಲ್ಲಿ "ಸಮಾಂತರತೆ" (ಪ್ಯಾರಲೆಲಿಸಂ) ಅಂತ ಹೆಸರಿಟ್ಟವರು ಆಕ್ಸ್‌ಫರ್ಡಿನ ಕಾವ್ಯದ ಪ್ರಾಧ್ಯಾಪಕ ರಾಬರ್ಟ್ ಲೌತ್. ಅವರ ಲ್ಯಾಟಿನ್ ಉಪನ್ಯಾಸಗಳು 1753ರಲ್ಲಿ ಅಚ್ಚಾದವು. ಎರಡು ಅರ್ಧಗಳು ಒಂದೇ ಮಾತು ಹೇಳುವುದು, ಎದುರುಬದುರಾಗುವುದು, ಒಂದನ್ನೊಂದು ಮುಂದುವರಿಸುವುದು ಅಂತ ಮೂರು ಬಗೆ ಮಾಡಿದರು. ಮೊದಲ ಬಗೆಗೆ ಇಟ್ಟ "ಸಮಾನಾರ್ಥಕ" ಅನ್ನುವ ಹೆಸರೇ ಜನರನ್ನು ದಾರಿ ತಪ್ಪಿಸಿತು, ಒಂದೇ ಮಾತು ಎರಡು ಸಲ ಅಂತ ಎಲ್ಲರೂ ತಿಳಿದರು. 1981ರಲ್ಲಿ ಬೈಬಲ್ ವಿದ್ವಾಂಸ ಜೇಮ್ಸ್ ಕೂಗೆಲ್ ಇದನ್ನು ಗಟ್ಟಿಯಾಗಿ ಪ್ರಶ್ನಿಸಿದರು. ಎರಡನೆಯರ್ಧ ಹೇಳುವುದು "ಅಷ್ಟೇ ಅಲ್ಲ, ಇದೂ ಉಂಟು" ಅಂತ ಅನ್ನುವುದು ಅವರ ವಾದ. ನಾನು ಅವರ ಕಡೆ.

ಇನ್ನು ಲಯ. ಮಾತ್ರೆಯ ಲೆಕ್ಕ ಇಲ್ಲ ಅಂದಿರಿ, ಅದು ನಿಜ. ಆದರೆ ಒತ್ತಿನ, ಅಂದರೆ ಪದದಲ್ಲಿ ದನಿ ಒತ್ತಿ ಹೇಳುವ ಜಾಗದ ಲೆಕ್ಕ ಇದೆ. ಒಂದೊಂದು ಅರ್ಧದಲ್ಲಿ ಸಾಮಾನ್ಯವಾಗಿ ಎರಡೋ ಮೂರೋ ಒತ್ತು. ನಡುವಿನ ಅಕ್ಷರಗಳು ಹೆಚ್ಚು ಕಡಿಮೆಯಾದರೂ ನಡೆಯುತ್ತದೆ. ಶೋಕಗೀತೆಯಲ್ಲಿ ಇದು ಚೆನ್ನಾಗಿ ಕೇಳುತ್ತದೆ. ಮೂರು ಒತ್ತು, ಆಮೇಲೆ ಎರಡೇ. 1882ರಲ್ಲಿ ಜರ್ಮನ್ ವಿದ್ವಾಂಸ ಕಾರ್ಲ್ ಬುಡ್ಡೆ ಇದನ್ನು ಗುರುತಿಸಿದರು. ಪ್ರವಾದಿ ಆಮೋಸ ತನ್ನ ಜನ ಇನ್ನೂ ಬದುಕಿರುವಾಗಲೇ ಅವರಿಗೆ ಚರಮಗೀತೆ ಹಾಡುತ್ತಾನೆ:

ಬಿದ್ದಳು, ಮತ್ತೆ ಏಳಳು,
  ಇಸ್ರಾಯೇಲಿನ ಕನ್ಯೆ.
ತನ್ನ ನೆಲದಲ್ಲೇ ಬಿದ್ದಿದ್ದಾಳೆ,
  ಎತ್ತುವವರು ಇಲ್ಲ.

ಕನ್ನಡದಲ್ಲೂ ಮೂರು ಪದ, ಎರಡು ಪದ ಇಟ್ಟಿದ್ದೇನೆ. ಜೋರಾಗಿ ಓದಿ. ಮೂರನೆಯ ಹೆಜ್ಜೆಗೆ ಕಾಲು ಎತ್ತಿದರೆ ಅಲ್ಲಿ ನೆಲ ಇರುವುದಿಲ್ಲ. ಅಳುವವರಿಗೆ ಉಸಿರು ಕಟ್ಟುವುದೂ ಹೀಗೇ ಅಲ್ವಾ?

ಯೆರೂಸಲೇಮಿನ ನಾಶವನ್ನು ಹಾಡುವ, ಬೈಬಲಿನ "ಪ್ರಲಾಪಗಳು" ಅನ್ನುವ ಪುಸ್ತಕದಲ್ಲಿ ಬಹಳಷ್ಟು ಕಡೆ ಇದೇ ಕುಂಟುನಡೆ. ಅದರ ಜೊತೆ ಇನ್ನೊಂದು ಕಟ್ಟು. ಹೀಬ್ರೂವಿಗೆ 22 ಅಕ್ಷರ. 1, 2 ಮತ್ತು 4ನೆಯ ಅಧ್ಯಾಯಗಳಲ್ಲಿ 22 ಪದ್ಯ, ಅಕ್ಷರಮಾಲೆಯ ಕ್ರಮದಲ್ಲಿ ಒಂದೊಂದು ಅಕ್ಷರಕ್ಕೆ ಒಂದೊಂದು. ನಡುವಿನ 3ನೆಯದರಲ್ಲಿ ಅಕ್ಷರಕ್ಕೆ ಮೂರರಂತೆ 66. ಕೊನೆಯ 5ನೆಯದರಲ್ಲೂ 22 ಪದ್ಯ ಇವೆ, ಆದರೆ ಅಕ್ಷರದ ಕ್ರಮ ಇಲ್ಲ. ಅಲ್ಲಿಗೆ ಬಂದಾಗ ನನಗೆ ಪ್ರತಿ ಸಲ ಕರುಳು ಚುರ್ ಅನ್ನುತ್ತದೆ. ಲೆಕ್ಕ ಉಳಿದಿದೆ, ಅಕ್ಷರಗಳು ಚೆದುರಿಹೋಗಿವೆ.

ನೀವು ಕೇಳುವಂಥ ಲಘು-ಗುರುವಿನ ಲೆಕ್ಕವೂ ಹೀಬ್ರೂವಿಗೆ ಬಂತು, ತುಂಬಾ ತಡವಾಗಿ. 10ನೆಯ ಶತಮಾನದಲ್ಲಿ ದುನಾಶ್ ಬೆನ್ ಲಬ್ರಾತ್ ಅನ್ನುವ ಕವಿ ಅರಬ್ಬಿ ಛಂದಸ್ಸನ್ನು ತಂದ. ಲಘುವಿನ ಮೇಲೆ ಗುರು ಬಂದರೆ ಅದು "ಗೂಟ", ಬಿಡಿ ಗುರು "ಚಲನೆ". ನೀವು ಸುಲಭವಾಗಿ ಪ್ರಸ್ತಾರ ಹಾಕಬಹುದು. ಹೀಬ್ರೂವಿಗೆ ಇದು ಒಗ್ಗುವುದಿಲ್ಲ ಅಂತ ಸ್ಪೇನಿನ ಯೆಹೂದ್ಯರಲ್ಲಿ ಆಗಲೇ ದೊಡ್ಡ ಜಗಳವಾಯಿತು. ಆದರೂ ಯೆಹೂದಾ ಹಲೇವಿಯಂಥ ದೊಡ್ಡ ಕವಿಗಳು ಅದರಲ್ಲೇ ಬರೆದರು.

ಹೀಗೆ ಕಿವಿಯ ಲೆಕ್ಕದಿಂದ ಕಟ್ಟಿದ್ದಕ್ಕೆ ಒಂದು ಅಪಾಯ ಇದೆ, ಉಚ್ಚಾರ ಬದಲಾದರೆ ಲಯ ಕೆಡುತ್ತದೆ. ಆಧುನಿಕ ಹೀಬ್ರೂ ಕವಿ ಬಿಯಾಲಿಕ್ ಅವರ ಮೊದಲ ಪ್ರಕಟಿತ ಕವಿತೆ 1892ರದು. ಬೆಚ್ಚನೆಯ ನಾಡಿನಿಂದ ಕಿಟಕಿಗೆ ಮರಳಿದ ಹಕ್ಕಿಯನ್ನು ಅದು ಮಾತಾಡಿಸುತ್ತದೆ. ಅದರ ಎರಡನೆಯ ಸಾಲನ್ನು ಅವರು ಪೂರ್ವ ಯುರೋಪಿನ ಉಚ್ಚಾರದಲ್ಲಿ "ಮೆ-ಆರ್-ತ್ಸೋಸ್ ಹ-ಖೋಮ್ ಎಲ್ ಖ-ಲೋ-ನಿ" ಅಂತ ಓದುತ್ತಿದ್ದರು. ಒತ್ತು ಆರ್, ಖೋಮ್, ಲೋ ಮೇಲೆ. ಎರಡು ಒತ್ತುಗಳ ನಡುವೆ ಸರಿಯಾಗಿ ಎರಡೆರಡು ಅಕ್ಷರ, ತೊಟ್ಟಿಲು ತೂಗಿದ ಹಾಗೆ. ಇವತ್ತಿನ ಇಸ್ರೇಲಿನಲ್ಲಿ ಒತ್ತು ಹೆಚ್ಚಾಗಿ ಪದದ ಕೊನೆಗೆ ಬೀಳುತ್ತದೆ. ಅದೇ ಸಾಲು "ಮೆ-ಅರ್-ತ್ಸೋತ್ ಹ-ಖೋಮ್ ಎಲ್ ಖ-ಲೋ-ನಿ" ಆಗಿ, ಒತ್ತು ತ್ಸೋತ್, ಖೋಮ್, ನಿ ಮೇಲೆ ಹೋಗುತ್ತದೆ. ನಡುವೆ ಒಂದು ಕಡೆ ಒಂದು ಅಕ್ಷರ, ಇನ್ನೊಂದು ಕಡೆ ಮೂರು. ತೊಟ್ಟಿಲು ನಿಂತುಹೋಯಿತು. ಬೆಟ್ಟ ಕುಣಿದು ಗುಡ್ಡ ಕುಣಿಯುವ ಲಯ ಮಾತ್ರ ಉಚ್ಚಾರ ಬದಲಾದರೂ ನಿಲ್ಲಲಿಲ್ಲ. ಕನ್ನಡದ ತನಕ ಬಂತು.

ಒಂದು ತಪ್ಪು ನಮ್ಮದೂ ಇದೆ. ಪುಟ ಹೊಂದಿಸುವಾಗ ಎರಡೂ ಅರ್ಧಗಳನ್ನು ಸೇರಿಸಿ ಗದ್ಯದ ಹಾಗೆ ಅಚ್ಚುಹಾಕಿದೆವು. ಯೆಹೂದ್ಯರ ಧರ್ಮಗ್ರಂಥವಾದ ತೋರಾದ ಸುರುಳಿಯಲ್ಲಿ, ಇಸ್ರಾಯೇಲರು ಸಮುದ್ರ ದಾಟಿದ ಹಾಡನ್ನು ಬರೆಯುವಾಗ, ಗೋಡೆಗೆ ಇಟ್ಟಿಗೆ ಇಟ್ಟ ಹಾಗೆ ಮಾತಿನ ತುಂಡುಗಳ ನಡುವೆ ಖಾಲಿ ಜಾಗ ಬಿಡುತ್ತಾರೆ. ಆ ಖಾಲಿ ಜಾಗವನ್ನು ನಾವು ತಿಂದುಬಿಟ್ಟೆವು. ಮುಂದಿನ ಸಂಚಿಕೆಯಲ್ಲಿ 114ನೆಯ ಕೀರ್ತನೆಯನ್ನು ಜಾಗ ಬಿಟ್ಟು ಮತ್ತೆ ಹಾಕುತ್ತೇವೆ. ಮೊದಲರ್ಧ ಓದಿ, ಒಂದು ಕ್ಷಣ ಸುಮ್ನೆ ನಿಂತು, ಆಮೇಲೆ ಎರಡನೆಯದನ್ನು ಓದಿ. ಹೇಗೆ ಕೇಳಿಸಿತು ಅಂತ ದಯವಿಟ್ಟು ಬರೆಯಿರಿ.

ನಿಮ್ಮ,
ಸಂಪಾದಕ